ಸಾಹೇಬರಿಗೆ ಕುಡಿಸಿದ ಹೊಳೆಯ ನೀರು

ಆಸ್ಪರಿ ಸೀಮೆಯ ನಮ್ಮೂರಿನಿಂದ
ವಿಕ್ರಮ ಸಂವತ್ಸರ, ಮಾಘ ಬಹುಳ ಪಂಚಮಿ

ಚಿರಂಜೀವಿ ತಂಗಿ ಕೊಟ್ರಮ್ಮಗೆ ಅಣ್ಣ ಮರಿಬಸಪ್ಪನ ಆಶೀರ್ವಾದಗಳು.

ನಾವೆಲ್ಲರೂ ಕ್ಷೇಮ ಎಂದು ಮೊದಲ ಸಾಲಿಗೇ ಬರೆಯುವುದು ವಾಡಿಕೆ. ನಾನು ಬರೆಯುವುದಿಲ್ಲ. ಆ ಒಂದು ಮಾತಿನಿಂದಲೇ ನಮ್ಮೂರು ಕೆಟ್ಟಿತು. ಹೇಗೆ ಕೆಟ್ಟಿತು ಅನ್ನುವುದು ಈ ಕಾಗದದಲ್ಲೇ ಮುಂದೆ ಬರುತ್ತದೆ. ಅವ್ವ ಉಸಿರಾಡುತ್ತಾಳೆ, ಬೈಯುತ್ತಾಳೆ. ಎತ್ತು ಮೇಯುತ್ತವೆ. ಅಷ್ಟು ಸಾಕು.

ನಿನ್ನ ಕಾಗದ ಹಾಲಹರವಿ ಕಡೆಯ ಹತ್ತಿ ಗಾಡಿಯವರ ಕೈಯಲ್ಲಿ ಬಂದು ಹನ್ನೊಂದು ದಿನವಾಯಿತು. ಹನ್ನೊಂದು ದಿನವೂ ಅಂಗಿಯ ಜೇಬಿನಲ್ಲಿಟ್ಟುಕೊಂಡು ತಿರುಗಿದೆ. ಬೆವರಿಗೆ ಶಾಯಿ ಅಳಿಸೀತೆಂದು ತೆಗೆದು ಗೂಡಿನಲ್ಲಿಟ್ಟೆ. ಇಲಿ ಕಡಿದೀತೆಂದು ಮತ್ತೆ ಜೇಬಿಗೆ ಹಾಕಿದೆ. ನಿಮ್ಮೂರ ಬಾವಿಯೂ ನಮ್ಮ ಹಳೇ ಬಾವಿಯ ಹಾಗೆ ಮೆಟ್ಟಿಲು ಇಳಿದು, ಮೊಳಕಾಲು ಮಟ ನೀರಲ್ಲಿ ನಿಂತು ಕೊಡ ತುಂಬುವ ಬಾವಿಯಂತೆ. ಹೋದ ಬೇಸಿಗೆ ನಿಮ್ಮತ್ತೆಗೂ ನಿನ್ನ ಯಜಮಾನರಿಗೂ ಕಾಲಲ್ಲಿ ನಾರುಹುಣ್ಣು ಎದ್ದಿತ್ತಂತೆ. ನಿನ್ನ ಕೂಸು ಗುರುಲಿಂಗಮ್ಮ ಈಗ ನಡೆಯಲು ಕಲಿತು ಕೊಡಕ್ಕೆ ತಾನೇ ತಂಬಿಗೆ ಅದ್ದುತ್ತಾಳಂತೆ. "ಅಣ್ಣ, ನನ್ನ ಕಾಲು ಹೋತು, ಹೋಗ್ಲಿ. ಕೂಸಿನ ಕಾಲು ಉಳೀಬೇಕು. ನಮ್ಮೂರ ಬಾವಿ ಮಾಡಿಸಿದಾಂವ ನೀನು. ಸರ್ಕಾರಕ್ಕ ಹೆಂಗ ಬರೀಬೇಕು, ತಿಳಿಸು" ಎಂದು ಕೊನೆಗೆ ಬರೆದಿದ್ದೀ. ಆ ಸಾಲು ಓದಿದಾಗಲೆಲ್ಲ ನನ್ನ ಕಿವಿ ಸುಡುತ್ತವೆ. ನಮ್ಮೂರ ಬಾವಿ ಮಾಡಿಸಿದವನು ನಾನಲ್ಲವ್ವ. ಅದನ್ನೂ ಹೇಳುತ್ತೇನೆ.

ಇದನ್ನು ನೀನೊಬ್ಬಳೇ ಓದು. ನಿಮ್ಮೂರ ಮೇಷ್ಟರ ಕೈಗೆ ಕೊಡಬೇಡ. ನನ್ನ ಅಕ್ಷರ ನಿನಗಲ್ಲದೆ ಯಾರಿಗೂ ತಿಳಿಯುವುದಿಲ್ಲ, ಅದೊಂದು ಧೈರ್ಯ. ಮೂರನೇ ಕ್ಲಾಸಿನಲ್ಲಿ ನನ್ನ ಎರಡು ಕಾಲಿಗೂ ನಾರು ಎದ್ದು, ಮಂಡಿಯ ಕೆಳಗಿಂದ ದಾರದ ಹಾಗೆ ಹುಳ ಹೊರಬಂದು, ದಿನಕ್ಕೆ ಎರಡು ಬೆರಳಿನಷ್ಟು ಕಡ್ಡಿಗೆ ಸುತ್ತುತ್ತಾ ಮೂರು ತಿಂಗಳು ಮಲಗಿದ್ದೆನಲ್ಲ, ಆಗ ಹೊತ್ತು ಹೋಗದೆ ನಿನಗೆ ಅಕ್ಷರ ಕಲಿಸಿದೆ. ಎದ್ದ ಮೇಲೆ ಶಾಲೆಗೆ ಹೋದರೆ ಮೇಷ್ಟರು ಹೆಸರು ಹೊಡೆದುಹಾಕಿದ್ದರು. ನನ್ನ ಓದು ಅಲ್ಲಿಗೆ ಮುಗಿಯಿತು, ನಿನ್ನದು ನನ್ನ ತಪ್ಪು ಕಾಗುಣಿತದಲ್ಲೇ ನಿಂತಿತು. ಇಂಥವನನ್ನು ಊರು ಓದಿದವನೆಂದು ಕರೆದು ಅರ್ಜಿ ಬರೆಸಿತು ಅಂದರೆ ಊರು ಎಂಥದಿರಬೇಕು, ನೀನೇ ನೋಡು.

ಮೊದಲು ಕಚೇರಿಯ ಸಂಗತಿ. ಯಾವ ಊರಿನ ಕಚೇರಿ ಎಂದು ಬರೆಯುವುದಿಲ್ಲ. ಯುದ್ಧದ ಕಾಲ, ಕಾಗದ ಒಡೆದು ಓದುತ್ತಾರಂತೆ, ನಮಗ್ಯಾಕೆ. ಸರ್ಕಾರ ಅಂದರೆ ಏನೋ ಇದೆ ಅಂದುಕೊಂಡಿದ್ದೆ. ಏನೂ ಇಲ್ಲ. ಒಂದು ಮೇಜು, ಅದರ ಹಿಂದೆ ಇನ್ನೊಂದು ಮೇಜು, ಆ ಮೇಜಿನವನು ಈ ಮೇಜಿನ ಕಡೆ ಬೆರಳು ತೋರಿಸುತ್ತಾನೆ. ಮೊದಲನೇ ಮೇಜಿನಲ್ಲಿ ಶ್ರೀರಾಮುಲು ಎಂಬ ಗುಮಾಸ್ತ. ಕಿವಿಯ ಮೇಲೆ ಲೇಖನಿ, ದವಡೆಯಲ್ಲಿ ಎಲೆ. ನನ್ನ ಅರ್ಜಿ ಎರಡು ಸಾಲು ಓದಿ ಕೆಳಗಿಟ್ಟ. ಯಾಕೆಂದರೆ ಮೊದಲ ಅರ್ಧ ಹಾಳೆಯ ತುಂಬ ಮಹಾರಾಜಶ್ರೀ, ಘನತೆವೆತ್ತ, ಪ್ರಜಾವತ್ಸಲ, ತಮ್ಮ ಪಾದಧೂಳಿ ಎಂದೇ ಬರೆದಿದ್ದೆ. ಬಾವಿಯ ಮಾತು ಕೊನೆಯ ಸಾಲಿನಲ್ಲಿತ್ತು. "ಪೊಗಡ್ತ ಎಕ್ಕುವ, ಸಮಾಚಾರಂ ತಕ್ಕುವ" ಅಂದ. ಹೊಗಳಿಕೆ ಜಾಸ್ತಿ, ಸುದ್ದಿ ಕಡಿಮೆ ಅಂತ. ಅವನ ಬಾಯಿಂದ ನಾನು ಕೇಳಿದ ಒಂದೇ ನಿಜ ಅದು. ಆದ್ದರಿಂದ ನೀನು ಬಾವಿಯನ್ನು ಮೊದಲ ಸಾಲಿಗೇ ತಾ. ಎಷ್ಟು ಮನೆ, ಎಷ್ಟು ಮಂದಿಗೆ ನಾರು, ಎಷ್ಟು ಮಂದಿ ಕುಂಟರಾದರು, ಹೆಸರು ಹಿಡಿದು ಬರೆ. ಪಾದಧೂಳಿ ಅವರ ಕಾಲಿಗೆ ತಾನೇ ಹತ್ತುತ್ತದೆ, ನಾವು ಬರೆಯಬೇಕಾಗಿಲ್ಲ.

ಎರಡನೇ ಸಲ ಸರಿಯಾಗಿ ಬರೆದುಕೊಂಡು ಹೋದರೆ ಬಾವಿ ಅವರದಲ್ಲ ಅಂದರು. ನೆಲ ಒಂದು ಕಚೇರಿಯದು, ಕಲ್ಲು ಮೆಟ್ಟಿಲು ಇನ್ನೊಂದರದು, ಒಳಗಿನ ನೀರು ಮತ್ತೊಂದರದು, ಬಾವಿಯ ದಂಡೆಗೆ ಹನುಮಪ್ಪನ ಗುಡಿ ಇರುವುದರಿಂದ ದೇವಸ್ಥಾನದವರನ್ನೂ ಕೇಳಬೇಕಂತೆ. ಹೀಗೆ ಅಷ್ಟೂ ಜನ ಬಾವಿಯನ್ನು ಹಂಚಿಕೊಂಡ ಮೇಲೆ ನಮ್ಮ ಪಾಲಿಗೆ ಉಳಿದದ್ದು ನಾರೊಂದೇ. ಒಂದೂವರೆ ವರ್ಷ ತಿರುಗಿದೆ. ಕೊಟ್ಟ ಪ್ರತಿ ಅರ್ಜಿಗೂ ನಕಲು ಇಟ್ಟುಕೊಳ್ಳಬೇಕು, ಟಪಾಲು ಪುಸ್ತಕದಲ್ಲಿ ಅದರ ನಂಬರು ಕೇಳಿ ಬರೆದುಕೊಳ್ಳಬೇಕು ಅನ್ನುವುದನ್ನು ಕಲಿಯುವುದಕ್ಕೇ ನನಗೆ ಮೂರು ಅರ್ಜಿ ಹಿಡಿದವು. ನಂಬರು ಇಲ್ಲದವನು ಅಲ್ಲಿ ಹುಟ್ಟಿಯೇ ಇಲ್ಲ. ನಂಬರು ಹೇಳಿದರೆ ಕೊನೇಪಕ್ಷ "ಮತ್ತೆ ಬಾ" ಅನ್ನುತ್ತಾರೆ. ಮರೆಯಬೇಡ, ನಂಬರು. ಇನ್ನೊಂದು ಸಲ ಬರೆಯುತ್ತೇನೆ, ನಂಬರು.

ಕಡೆಗೂ ಈಶ್ವರ ಸಂವತ್ಸರದ ಚೈತ್ರದಲ್ಲಿ ಬಾವಿ ನೋಡಲು ಸಾಹೇಬರು ಬರುತ್ತಾರೆಂದು ಕಾಗದ ಬಂತು. ತಾರೀಖು ಹಾಕಿ ಬಂತು, ಅದೇ ತಪ್ಪಾಯಿತು. ನಮ್ಮ ಊರ ಗೌಡ ಚಂದ್ರಣ್ಣನವರು ಆ ಕಾಗದವನ್ನು ಲಗ್ನಪತ್ರಿಕೆಯ ಹಾಗೆ ಎರಡು ಕೈಯಲ್ಲಿ ಹಿಡಿದುಕೊಂಡು ಓಣಿ ಓಣಿ ತಿರುಗಿದ್ದು ನಿನಗೆ ನೆನಪಿರಬೇಕು. ಹದಿನೈದು ದಿನ ಊರಿಗೆ ಬೇರೆ ಕೆಲಸವಿಲ್ಲ. ಬಾವಿಯ ಹೂಳು ತೆಗೆದರು. ಪಾಚಿ ಕೆರೆದರು. ಮೆಟ್ಟಿಲಿಗೆ ಸುಣ್ಣ ಬಳಿದು ಅಂಚಿಗೆ ಕೆಮ್ಮಣ್ಣು ಎಳೆದರು. ಹನುಮಪ್ಪನ ಗುಡಿಯಿಂದ ಬಾವಿಯ ತನಕ ಮಾವಿನ ತೋರಣ ಕಟ್ಟಿದರು. ಅಷ್ಟಕ್ಕೇ ಬಿಡಲಿಲ್ಲ. ದೊಡ್ಡ ಮನುಷ್ಯರಿಗೆ ನಮ್ಮ ಬಾವಿಯ ಚಪ್ಪೆ ನೀರು ಕೊಡುವುದು ಅಮರ್ಯಾದೆ ಅಂತ ಗಾಡಿ ಹೊಡೆಯುವ ದಸ್ತಗಿರಿಗೆ ಹೇಳಿ ಗಾಡಿ ಕಟ್ಟಿಸಿ ಹೊಳೆದಂಡೆಯ ಮಾಧವರಂಗೆ ಕಳಿಸಿದರು. ತುಂಗಭದ್ರೆಯ ನೀರು ಎರಡು ಹೊಸ ಗಡಿಗೆಯಲ್ಲಿ. ಹೋಗಿ ಬರುವುದಕ್ಕೆ ನಾಲ್ಕು ದಿನ. ದಸ್ತಗಿರಿ ಗಾಡಿ ಹೂಡುತ್ತಾ, ನೀರು ಕೆಟ್ಟೈತಿ ಅಂತ ಹೇಳಾಕ ಒಳ್ಳೇ ನೀರು ಯಾಕ ತರಬೇಕು ಎಂದು ಕೇಳಿದ. ನಿನಗ ತಿಳಿಯಾಂಗಿಲ್ಲ, ನಡಿ, ಎಂದು ಗೌಡರು ಗದರಿಸಿದರು. ತಿಳಿದವನು ಊರಿಗೆಲ್ಲ ಅವನೊಬ್ಬನೇ ಇದ್ದ.

ಇನ್ನು ಶಕುನದ ಮಾತು. ಶುಭಕ್ಕೆ ಬರುವವರ ಎದುರಿಗೆ ಕುಂಟರು, ಗಾಯದವರು ಸುಳಿಯಬಾರದಲ್ಲ. ಸಾಹೇಬರ ಕಣ್ಣಿಗೆ ಮೊದಲು ಹುಣ್ಣಿನ ಕಾಲು ಬಿದ್ದರೆ ಕೆಲಸ ಕೆಡುತ್ತದೆ ಎಂದು ಗೌಡರು ಗುಡಿಯ ಕಟ್ಟೆಯ ಮೇಲೆ ಕೂತು ತೀರ್ಮಾನ ಕೊಟ್ಟರು. ನಾರಿನ ಊರೆಂದು ಹೆಸರು ಬಿದ್ದರೆ ನಮ್ಮ ಗಂಡುಗಳಿಗೆ ಹೆಣ್ಣು ಕೊಡುವವರಿಲ್ಲ ಎಂದು ಹಿರಿಯರು ತಲೆ ಆಡಿಸಿದರು. ಆಗ ನಾರು ಎದ್ದು ಮಲಗಿದವರು ಇಪ್ಪತ್ತಾರು ಮಂದಿ. ಇಪ್ಪತ್ತಾರು ಹೆಸರೂ ನಾನೇ ಬರೆದು ಜೇಬಿನಲ್ಲಿ ಇಟ್ಟುಕೊಂಡಿದ್ದೆ. ಆ ಇಪ್ಪತ್ತಾರು ಮಂದಿಯನ್ನೂ ಒಳಗೆ ಹಾಕಿ ಬಾಗಿಲು ಮುಚ್ಚಬೇಕೆಂದಾಗ ನಾನೂ ಹೂಂ ಅಂದೆ. ಕೇರಿಯವರನ್ನು ಬಾವಿಗೆ ಇಳಿಸದೆ ಮೇಲಿಂದ ನೀರು ಹಾಕುತ್ತಿದ್ದೆವಲ್ಲ, ನಮ್ಮ ಕಾಲಿನ ನಾರು ಆ ನೀರಲ್ಲಿ ಅವರಿಗೂ ಹೋಗಿತ್ತು. ಅವರಿಗೆ ಅವತ್ತು ಕೇರಿ ಬಿಟ್ಟು ಬರಬೇಡಿರೆಂದು ಡಂಗುರವನ್ನೇ ಹೊಡೆಸಿದರು. ಇಂಥ ಊರು ನಮ್ಮದು. ಸರ್ಕಾರವನ್ನು ಬೈದು ಏನು ಮಾಡುವುದು.

ನೀನು ಅವತ್ತು ಪಡಸಾಲೆಯ ಕಂಬಕ್ಕೆ ಒರಗಿ ಕೂತಿದ್ದೆ. ಬಲಗಾಲಿನ ಹರಡಿನ ಹತ್ತಿರ, ಪಾದದ ಗಂಟಿನಲ್ಲಿ, ನಾರು, ಕಡ್ಡಿಗೆ ಒಂದು ಗೇಣು ಸುತ್ತಿಯಾಗಿತ್ತು, ಇನ್ನೂ ಒಂದು ಗೇಣು ಒಳಗಿತ್ತು. ಹರಿಯಬಾರದು, ಹರಿದರೆ ಒಳಗೇ ಉಳಿದು ಕೀವಾಗಿ ಕೀಲು ಹಿಡಿಯುತ್ತದೆ ಎಂದು ಅವ್ವ ದಿನಕ್ಕೆ ಹತ್ತು ಸಲ ಹೇಳುತ್ತಿದ್ದಳು. ನಾನು ಒಗೆದ ಅಂಗಿ ತೊಟ್ಟು, ರುಮಾಲು ಸುತ್ತಿ, ಅರ್ಜಿಯ ಮಾತು ಬಾಯಿಪಾಠ ಮಾಡುತ್ತಾ ಆ ಕಡೆಯಿಂದ ಈ ಕಡೆ ಓಡಾಡುತ್ತಿದ್ದೆ. ಆಗ ನೀನು ಅಂದದ್ದು ನನಗೆ ಅಕ್ಷರ ಅಕ್ಷರವಾಗಿ ನೆನಪಿದೆ.

"ಅಣ್ಣ, ನನ್ನ ಕಾಲು ತೋರಿಸಿದರ ಆತಲ್ಲ. ಬ್ಯಾರೆ ಅರ್ಜಿ ಯಾಕ?"

ಸುಮ್ಮನಿರು ಅಂದೆ. ಹದಿನಾರು ವರ್ಷದ ಹುಡುಗಿಗೆ ಏನು ತಿಳಿಯುತ್ತದೆ ಅಂದುಕೊಂಡೆ. ಅವ್ವ ಆರತಿ ತಟ್ಟೆ ಹಿಡಿದು ಮುಂದೆ ಹೋದಳು. ನಾನು ಬಾಗಿಲು ಎಳೆದು ಹೊರಗಿನಿಂದ ಚಿಲಕ ಹಾಕಿದೆ. ಅವ್ವ ಹಾಕಿದ್ದಳೆಂದು ನೀನು ಇಷ್ಟು ದಿನ ತಿಳಿದಿದ್ದರೆ, ಅಲ್ಲ. ಈ ಕೈ ಹಾಕಿತು.

ಸಾಹೇಬರು ಬಂದರು. ಟೊಪ್ಪಿಗೆ, ಧೂಳು, ಕಣ್ಣಲ್ಲಿ ನಿದ್ದೆ. ಆರತಿ ಆಯಿತು, ಹಾರ ಆಯಿತು. ಬೆಳ್ಳಿ ಲೋಟದಲ್ಲಿ ಹೊಳೆಯ ನೀರು ಕೊಟ್ಟೆವು. ಕುಡಿದು ಇನ್ನೊಂದು ಲೋಟ ಕೇಳಿದರು. ಬಾವಿಯ ದಂಡೆಯಲ್ಲಿ ನಿಂತು ಸುಣ್ಣದ ಮೆಟ್ಟಿಲು ನೋಡಿದರು, ಕೆಳಗೆ ಇಳಿಯಲಿಲ್ಲ, ಬೂಟಿಗೆ ಸುಣ್ಣ ಹತ್ತುತ್ತದಲ್ಲ. ಆಮೇಲೆ ಪುಸ್ತಕ ತೆಗೆದು, ಊರಲ್ಲಿ ಎಷ್ಟು ಜನಕ್ಕೆ ನಾರುಹುಣ್ಣು ಇದೆ ಎಂದು ಕೇಳಿದರು. ಒಂದೂವರೆ ವರ್ಷದ ತಿರುಗಾಟವೆಲ್ಲ ಆ ಒಂದು ಪ್ರಶ್ನೆಗೋಸ್ಕರ ಕೊಟ್ರವ್ವ. ಚಂದ್ರಣ್ಣ ಗೌಡರು ಕೈ ಮುಗಿದು ನಡು ಬಗ್ಗಿಸಿದರು.

"ತಮ್ಮ ದಯದಿಂದ ಎಲ್ಲಾರೂ ಆರಾಮ ಅದಾರ್ರಿ."

ಬೇಕೆಂದು ಹೇಳಿದ ಸುಳ್ಳಲ್ಲ ಅದು. ದೊಡ್ಡವರು ಹೇಗಿದ್ದೀರಿ ಅಂದರೆ ಕ್ಷೇಮ ಅನ್ನಬೇಕು, ಅಷ್ಟೇ ಗೊತ್ತು ನಮಗೆ. ಹೆಣ ಹೊತ್ತುಕೊಂಡು ಹೋಗುವಾಗ ಕೇಳಿದರೂ ಅದನ್ನೇ ಅಂದೇವು. ಗೌಡರ ಹಿಂದೆ ನಿಂತವರೆಲ್ಲ ಹೌದ್ರಿ ಹೌದ್ರಿ ಅಂದರು. ಸಾಹೇಬರು ನನ್ನ ಕಡೆ ತಿರುಗಿ, ಅರ್ಜಿದಾರ ನೀನೇ ಏನು ಎಂದು ಕೇಳಿದರು. ಜೇಬಿನ ಮೇಲೆ ಕೈ ಇಟ್ಟುಕೊಂಡೆ. ಒಳಗೆ ಇಪ್ಪತ್ತಾರು ಹೆಸರು, ಮೊದಲನೇದು ನಿನ್ನದು. ನಾಲಿಗೆ ಒಣಗಿತು. ಹೌದ್ರಿ, ಎಲ್ಲಾ ತಮ್ಮ ದಯ, ಅಂದೆ. ಅವರು ಅದನ್ನೂ ಬರೆದುಕೊಂಡರು.

ಮನೆಗೆ ಬಂದು ಚಿಲಕ ತೆಗೆದರೆ ಬಾಗಿಲು ತಳ್ಳಲು ಆಗಲಿಲ್ಲ, ನೀನು ಅದಕ್ಕೇ ಒರಗಿ ಬಿದ್ದಿದ್ದೆ. ಸಂದಿಯಲ್ಲಿ ಕೈ ಹಾಕಿ ನಿನ್ನನ್ನು ಸರಿಸಿದೆ. ನಿದ್ದೆಯಲ್ಲಿ ಹೊರಳಿದಾಗ ನಾರು ಹರಿಯಿತು ಎಂದು ನೀನು ಅವ್ವನಿಗೆ ಹೇಳಿದೆ. ಅವ್ವ ನಂಬಿದಳು. ನಾನು ನಂಬಲಿಲ್ಲ. ಕಡ್ಡಿ ಹೊಸ್ತಿಲಿಗೂ ಬಾಗಿಲಿನ ಹಲಗೆಗೂ ನಡುವೆ ಸಿಕ್ಕಿಕೊಂಡಿತ್ತು, ಅದರ ತುದಿಗೆ ದಾರದಂಥ ತುಣುಕು. ನೀನು ತೆವಳಿಕೊಂಡು ಬಾಗಿಲ ತನಕ ಬಂದಿದ್ದೆ, ಕಾಲು ತೋರಿಸಲು. ಯಾರೂ ನೋಡುವ ಮುಂಚೆ ಆ ಕಡ್ಡಿಯನ್ನು ತೆಗೆದು ಒಲೆಗೆ ಹಾಕಿದೆ. ನೀನು ನನ್ನ ಮುಖ ನೋಡಿದೆ. ಎರಡು ತಿಂಗಳು ಕೀವು. ಆಮೇಲೆ ಹರಡು ಮರದ ತುಂಡಿನ ಹಾಗೆ ನಿಂತುಬಿಟ್ಟಿತು. ಗೊತ್ತಾಗಿದ್ದ ಸಂಬಂಧ ತಪ್ಪಿ, ಹೆಂಡತಿ ಸತ್ತ ಮನೆಗೆ ನಿನ್ನನ್ನು ಕೊಟ್ಟೆವು. ನಿನ್ನ ಯಜಮಾನರು ಒಳ್ಳೆಯವರು, ಅದು ನಿನ್ನ ಪುಣ್ಯ, ನಮ್ಮ ಜಾಣತನವಲ್ಲ. ನಾಲ್ಕು ವರ್ಷ ಈ ಮಾತು ಬಾಯಿಗೆ ಬಂದು ಬಂದು ಹಿಂದಕ್ಕೆ ಹೋಯಿತು. ನೀನು ಹಬ್ಬಕ್ಕೆ ಬಂದಾಗೆಲ್ಲ ಹೊಸ್ತಿಲು ದಾಟುವಾಗ ಆ ಕಾಲು ಎಳೆಯುವ ಸದ್ದು ಕೇಳಬಾರದೆಂದು ಹಿತ್ತಲಿಗೆ ಹೋಗಿ ನಿಲ್ಲುತ್ತಿದ್ದೆ.

ಸಾಹೇಬರು ಬಂದುಹೋದ ಆರು ತಿಂಗಳಿಗೆ ಹುಕುಂ ಬಂತು. ಇಂಗ್ಲಿಷಿನಲ್ಲಿತ್ತು, ಶ್ರೀರಾಮುಲು ಓದಿ ಹೇಳಿದ. ಬಾವಿ ಶುಚಿಯಾಗಿದೆ, ನೀರು ರುಚಿಯಾಗಿದೆ, ರೋಗಿಗಳು ಕಂಡುಬರಲಿಲ್ಲ, ಊರವರೂ ಅರ್ಜಿದಾರನೂ ಕ್ಷೇಮವೆಂದೇ ಹೇಳಿರುವುದರಿಂದ ಅರ್ಜಿ ಮುಕ್ತಾಯ. "ಪೆಂಡ್ಲಿ ಚೇಸಿನಾರು ಕದಯ್ಯಾ, ಇಂಕ ರೋಗಂ ಎಕ್ಕಡಿದಿ?" ಎಂದು ನಕ್ಕ. ಸುಣ್ಣ ತೋರಣ ಎಂದು ಬಾವಿಗೆ ಮದುವೆ ಮಾಡಿದಿರಲ್ಲ, ಇನ್ನು ರೋಗ ಎಲ್ಲಿಂದ ಬಂತು ಅಂತ. ಎಲೆಯ ರಸ ಗಲ್ಲಕ್ಕೆ ಇಳಿಯುವ ತನಕ ನಕ್ಕ. ಅವನನ್ನು ಹೇಸುತ್ತೇನೆ. ಆದರೆ ಅವನು ಅಂದದ್ದರಲ್ಲಿ ತಪ್ಪು ಹುಡುಕಿದೆ, ಸಿಗಲಿಲ್ಲ.

ಈಗ ನಮ್ಮ ಬಾವಿ ಆದದ್ದು ಹೇಗೆ ಅನ್ನುವುದು. ಹೋದ ವರ್ಷದ ಹಿಂದಿನ ಬೇಸಿಗೆ, ಮಕ್ಕಳಿಗೆ ಸಿಡುಬು ಬಾರದಂತೆ ದೇವಿ ಚುಚ್ಚುವ ಇನ್‌ಸ್ಪೆಕ್ಟರ್ ಒಬ್ಬರು ಬೇರೆ ಊರಿಗೆ ಹೊರಟವರು ಗಾಡಿಯ ಅಚ್ಚು ಮುರಿದು ನಮ್ಮ ಬಾವಿಯ ಹತ್ತಿರ ಇಳಿದರು. ಯಾರಿಗೂ ಗೊತ್ತಿಲ್ಲ, ಆದ್ದರಿಂದ ಸುಣ್ಣವಿಲ್ಲ, ತೋರಣವಿಲ್ಲ. ಬಾಯಾರಿ ತಾವೇ ಮೆಟ್ಟಿಲು ಇಳಿದರೆ ಕೆಳಗೆ ದಸ್ತಗಿರಿಯ ಹೆಂಡತಿ ದಸ್ತಗಿರಮ್ಮ ಉರಿ ತಣಿಯಲೆಂದು ನಾರಿನ ಕಾಲನ್ನು ನೀರಲ್ಲಿ ಇಳಿಬಿಟ್ಟುಕೊಂಡು ಕೊಡ ತುಂಬುತ್ತಿದ್ದಳು. ಊರಲ್ಲಿ ಯಾರಿಗೆಲ್ಲ ಇದೆ ಎಂದು ಕೇಳಿದರಂತೆ.

"ಯಾರಿಗಿಲ್ಲ ಅಂತ ಕೇಳ್ರಿ ಸಾಹೇಬ್ರ, ಲಗೂನ ಮುಗೀತೈತಿ" ಅಂದಳಂತೆ ಆಕಿ.

ಅಷ್ಟೇ. ಅವರು ನೀರು ಕುಡಿಯದೆ ಮೇಲೆ ಬಂದು, ಹುಣ್ಣಿನ ಕಾಲು ನೀರಿಗೆ ಇಟ್ಟರೆ ಅದರ ಬೀಜ ನೀರಲ್ಲಿ ಬೀಳುತ್ತದೆ, ಈ ವರ್ಷ ಕುಡಿದದ್ದು ಮುಂದಿನ ವರ್ಷ ಕಾಲಲ್ಲಿ ಏಳುತ್ತದೆ ಎಂದು ಅಲ್ಲಿದ್ದ ಹೆಂಗಸರಿಗೆಲ್ಲ ತಿಳಿಸಿ ಹೇಳಿದರು. ಕಂಡದ್ದನ್ನು ಸರ್ಕಾರಕ್ಕೂ ತಾವೇ ಬರೆದರು. ಆರು ತಿಂಗಳಲ್ಲಿ ಮೆಟ್ಟಿಲಿಗೆ ಅಡ್ಡಗೋಡೆ ಬಂತು, ಕಟ್ಟೆ ಬಂತು, ಸೇದುವ ರಾಟೆ ಬಂತು. ಕಟ್ಟೆಯ ಕಲ್ಲಿನ ಮೇಲೆ ಚಂದ್ರಣ್ಣ ಗೌಡರು ತಮ್ಮ ಹೆಸರು ಕೆತ್ತಿಸಿದ್ದಾರೆ. ದಸ್ತಗಿರಮ್ಮ ದಿನಾ ಅದರ ಮೇಲೆ ಒದ್ದೆ ಕೊಡ ಇಡುತ್ತಾಳೆ, ಅದಕ್ಕಿಂತ ಒಳ್ಳೆಯ ಉಪಯೋಗ ಆ ಹೆಸರಿಗೆ ಇಲ್ಲ.

ಆದ್ದರಿಂದ ಸರ್ಕಾರಕ್ಕೆ ಹೇಗೆ ಬರೆಯಬೇಕು ಎಂದು ಕೇಳಿದೆಯಲ್ಲ, ಬರೆಯುವುದು ಬರೆಯೋಣ, ಅರ್ಜಿ ಈ ಕಾಗದದ ಜೊತೆಗಿದೆ, ಹೆಸರುಗಳ ಜಾಗ ಬಿಟ್ಟಿದ್ದೇನೆ, ನೀನು ತುಂಬು. ಆದರೆ ಸರ್ಕಾರವನ್ನು ಕಚೇರಿಯಲ್ಲಿ ಹಿಡಿಯಲು ಹೋಗಬೇಡ, ಅಲ್ಲಿ ಅದು ಸಿಗುವುದಿಲ್ಲ. ಬೇರೆ ಕೆಲಸಕ್ಕೆ ಹೊರಟಿರುವಾಗ ದಾರಿಯಲ್ಲಿ ಹಿಡಿಯಬೇಕು. ಅದೇ ಇನ್‌ಸ್ಪೆಕ್ಟರ್ ಈ ಯುಗಾದಿಯ ಹಿಂದುಮುಂದು ದೇವಿ ಚುಚ್ಚಲು ನಿಮ್ಮ ಸೀಮೆಗೆ ಬರುತ್ತಾರೆ. ಶ್ರೀರಾಮುಲುವನ್ನೇ ಕೇಳಿ ತಿಳಿದೆ. ಅವನ ಮುಖ ನೋಡಬಾರದೆಂದು ಆಣೆ ಇಟ್ಟಿದ್ದೆ, ನೋಡಿದೆ. ನಿಮ್ಮೂರ ಗೌಡರಿಗೆ ಹೇಳಬೇಡ. ನಿಮ್ಮತ್ತೆಗೂ ಹೇಳಬೇಡ, ಸಗಣಿ ಸಾರಿಸಿ ರಂಗೋಲಿ ಹಾಕಿಬಿಟ್ಟಾರು. ಇನ್‌ಸ್ಪೆಕ್ಟರ್ ನೀರು ಕೇಳಿದರೆ ನಿಮ್ಮ ಬಾವಿಯದನ್ನೇ ಕೊಡು, ಕೊಡುವ ಮುಂಚೆ ಅವರ ಎದುರಿಗೇ ಬಿಳೀ ಬಟ್ಟೆಯಲ್ಲಿ ಸೋಸು. ಸೋಸದೆ ಕೊಡಬೇಡ, ಆ ಮನುಷ್ಯ ಒಳ್ಳೆಯವನು. ಕ್ಷೇಮವೇ ಎಂದು ಯಾರು ಕೇಳಿದರೂ ಕ್ಷೇಮ ಅನ್ನಬೇಡ, ಸತ್ತರೂ ಅನ್ನಬೇಡ.

ಅಲ್ಲಿಯ ತನಕ ಕೂಸಿಗೆ ಸೋಸದ ಒಂದು ಹನಿಯೂ ಕೊಡಬೇಡ. ನನ್ನ ಹೊಸ ಧೋತರ ಹರಿದು ನಾಲ್ಕು ತುಂಡು ಮಾಡಿ ಈ ಗಾಡಿಯವರ ಕೈಯಲ್ಲೇ ಕಳಿಸಿದ್ದೇನೆ. ಎರಡು ಮಡಿಕೆ ಹಾಕಿ ಸೋಸು, ಬಟ್ಟೆಯ ಯಾವ ಮಗ್ಗುಲು ಮೇಲಿತ್ತೋ ಅದೇ ಮಗ್ಗುಲು ಮೇಲಿರಲಿ, ತಿರುವಿ ಹಾಕಿದರೆ ಸೋಸಿದ್ದೆಲ್ಲ ಮತ್ತೆ ನೀರಿಗೇ ಬೀಳುತ್ತದೆ. ಗುರುತಿಗೆಂದು ಒಂದು ಮೂಲೆಗೆ ಕೆಂಪು ದಾರ ಹೊಲಿದಿದ್ದೇನೆ. ಕೊಡಕ್ಕೆ ಮುಚ್ಚಳ ಇಡು. ಕೂಸಿನ ಕೈಗೆ ತಂಬಿಗೆ ಸಿಗದ ಹಾಗೆ ಮೇಲಿಡು. ಇಷ್ಟು ಬರೆದರೂ ಏನೋ ಮರೆತಿದ್ದೇನೆ ಅನಿಸುತ್ತದೆ. ನಂಬರು.

ಫಾಲ್ಗುಣ ಕಳೆಯುವ ಮುಂಚೆ ನಾನೇ ಬರುತ್ತೇನೆ. ಅವರು ಬರುವ ತನಕ ನಿಮ್ಮ ಪಡಸಾಲೆಯಲ್ಲೇ ಬಿದ್ದಿರುತ್ತೇನೆ. ಇನ್‌ಸ್ಪೆಕ್ಟರ್ ಗಾಡಿ ಕಂಡ ಕೂಡಲೇ ನಿನ್ನನ್ನು ಎತ್ತಿಕೊಂಡು ಹೋಗಿ ಬಾವಿಯ ಮೇಲಿನ ಮೆಟ್ಟಿಲಿನ ಮೇಲೆ ಕೂಡಿಸುತ್ತೇನೆ, ಜನ ನಗಲಿ. ಸೀರೆ ಎಳೆದು ಕಾಲು ಮುಚ್ಚಬೇಡ. ನನ್ನ ನಾಲಿಗೆಯನ್ನು ನಂಬಿ ಕೂರಬೇಡ, ಅದು ಮತ್ತೆ ಒಣಗಿದರೂ ಒಣಗೀತು. ನಾನು ಸುಮ್ಮನೆ ನಿಂತರೆ ನನ್ನನ್ನು ಆಚೆ ತಳ್ಳಿ ನೀನೇ ಹೇಳು. ಅವತ್ತು ಹೇಳಿದ್ದೆಯಲ್ಲ, ಅದನ್ನೇ.

ನಿನ್ನ ಮಗಳು ಎರಡು ಕಾಲಿನ ಮೇಲೂ ನೆಟ್ಟಗೆ ಓಡಲಿ. ಅವಳ ಮನೆಯ ಬಾಗಿಲಿಗೆ ಹೊರಗಿನಿಂದ ಚಿಲಕ ಹಾಕುವ ಅಣ್ಣ ಅವಳಿಗೆ ಹುಟ್ಟದಿರಲಿ.

ಇಂತು,
ನಿನ್ನ ಬಾಗಿಲಿಗೆ ಚಿಲಕ ಹಾಕಿದವನು,
ಮರಿಬಸಪ್ಪ